ಲೋಕವನ್ನು ನಿಲ್ಲಿಸದೆ ಚಿತ್ರಿಸಿದವರು: ರಿಚರ್ಡ್ ಲೀಕಾಕ್ ಮತ್ತು ಸಾಕ್ಷ್ಯಚಿತ್ರ ಛಾಯಾಗ್ರಹಣ

ಕಥಾಚಿತ್ರ ಮತ್ತು ಸಾಕ್ಷ್ಯಚಿತ್ರ ಎರಡಕ್ಕೂ ಬಳಕೆಯಾಗುವ ಕ್ಯಾಮೆರಾ ಒಂದೇ ಆಗಿರಬಹುದಾದರೂ ಅದರ ಹಿಂದೆ ನಿಲ್ಲುವವರ ಕೆಲಸ ಒಂದೇ ಅಲ್ಲ. ಕಥಾಚಿತ್ರದಲ್ಲಿ ನಟರು ಎಲ್ಲಿ ನಿಲ್ಲಬೇಕು, ಬೆಳಕು ಯಾವ ದಿಕ್ಕಿನಿಂದ ಬೀಳಬೇಕು, ಒಂದು ಮಾತನ್ನು ಎಷ್ಟು ಸಲ ಹೇಳಿಸಬೇಕು ಎಂಬುದೆಲ್ಲ ಚಿತ್ರತಂಡದ ಹತೋಟಿಯಲ್ಲಿರುತ್ತದೆ. ಸಾಕ್ಷ್ಯಚಿತ್ರದ ಛಾಯಾಗ್ರಾಹಕರಿಗೆ ಈ ಯಾವ ಹತೋಟಿಯೂ ಇರುವುದಿಲ್ಲ. ಘಟನೆ ತನ್ನ ಪಾಡಿಗೆ ತಾನು ನಡೆಯುತ್ತದೆ, ಒಮ್ಮೆ ನಡೆದದ್ದು ಮತ್ತೆ ನಡೆಯುವುದಿಲ್ಲ, ಆದ್ದರಿಂದ ಎಲ್ಲಿ ನಿಲ್ಲಬೇಕು, ಯಾರ ಮುಖವನ್ನು ನೋಡಬೇಕು, ಯಾವಾಗ ಯಂತ್ರವನ್ನು ಚಾಲೂ ಮಾಡಬೇಕು ಎಂಬ ನಿರ್ಧಾರಗಳನ್ನು ಅವರು ಆ ಕ್ಷಣದಲ್ಲೇ, ಬಹುಪಾಲು ಒಬ್ಬರೇ, ತೆಗೆದುಕೊಳ್ಳಬೇಕಾಗುತ್ತದೆ.

ಇಂದು ಸಹಜವೆನಿಸುವ ಈ ಕೆಲಸದ ಕ್ರಮ ಇಪ್ಪತ್ತನೆಯ ಶತಮಾನದ ನಡುಭಾಗದವರೆಗೂ ಸಾಧ್ಯವೇ ಇರಲಿಲ್ಲ. ಅದನ್ನು ಸಾಧ್ಯವಾಗಿಸಿದ ಕೆಲವೇ ವ್ಯಕ್ತಿಗಳಲ್ಲಿ ಬ್ರಿಟನ್ನಿನಲ್ಲಿ ಹುಟ್ಟಿ, ಅಮೆರಿಕದಲ್ಲಿ ದುಡಿದು, ಪ್ಯಾರಿಸ್ಸಿನಲ್ಲಿ ಕೊನೆಯುಸಿರೆಳೆದ ರಿಚರ್ಡ್ ಲೀಕಾಕ್ ಪ್ರಮುಖರು. ಅವರ ಸುದೀರ್ಘ ವೃತ್ತಿಜೀವನವನ್ನು ಕ್ರಮವಾಗಿ ನೋಡಿದರೆ, ಕ್ಯಾಮೆರಾಕ್ಕಾಗಿ ಲೋಕವನ್ನು ನಿಲ್ಲಿಸುವ ಪದ್ಧತಿಯಿಂದ ಲೋಕದೊಡನೆ ಕ್ಯಾಮೆರಾ ನಡೆಯುವ ಪದ್ಧತಿಗೆ ಸಾಕ್ಷ್ಯಚಿತ್ರ ಸಾಗಿಬಂದ ದಾರಿ ಸ್ಪಷ್ಟವಾಗುತ್ತದೆ.

ಬಾಳೆಯ ತೋಟದಿಂದ ಬರ್ಮಾದವರೆಗೆ

ಲೀಕಾಕ್ 1921ರ ಜುಲೈ 18ರಂದು ಲಂಡನ್ನಿನಲ್ಲಿ ಜನಿಸಿದರು. ಆಫ್ರಿಕಾದ ವಾಯವ್ಯ ಕರಾವಳಿಯ ಆಚೆಗಿರುವ, ಸ್ಪೇನ್ ದೇಶಕ್ಕೆ ಸೇರಿದ ಕೆನರಿ ದ್ವೀಪಗಳಲ್ಲಿ ಅವರ ತಂದೆಯ ಬಾಳೆಯ ತೋಟವಿತ್ತು. ಬಾಲ್ಯದ ಮೊದಲ ವರ್ಷಗಳನ್ನು ಅಲ್ಲಿ ಕಳೆದ ಅವರನ್ನು ಎಂಟನೆಯ ವಯಸ್ಸಿನಲ್ಲಿ ಓದಿಗಾಗಿ ಇಂಗ್ಲೆಂಡಿನ ವಸತಿಶಾಲೆಗೆ ಕಳುಹಿಸಲಾಯಿತು. ಶಾಲೆಯಲ್ಲಿದ್ದಾಗ, ಮಧ್ಯ ಏಷ್ಯಾವನ್ನು ಸೈಬೀರಿಯಾದೊಡನೆ ಜೋಡಿಸುವ ರೈಲುಮಾರ್ಗದ ನಿರ್ಮಾಣವನ್ನು ಕುರಿತ ‘ತುರ್ಕ್‌ಸಿಬ್’ ಎಂಬ ಸೋವಿಯತ್ ಮೂಕಿಚಿತ್ರವನ್ನು ನೋಡಿದ್ದು ಅವರ ಬದುಕಿನ ದಿಕ್ಕನ್ನು ನಿರ್ಧರಿಸಿತು. ದೂರದ ಒಂದು ಜಾಗದಲ್ಲಿ ಇರುವುದೆಂದರೆ ಹೇಗಿರುತ್ತದೆ ಎಂಬುದನ್ನು ಅಲ್ಲಿಗೆ ಹೋಗದವರಿಗೂ ಕಾಣಿಸಲು ಚಲನಚಿತ್ರಕ್ಕೆ ಸಾಧ್ಯ ಎಂಬ ಅರಿವು ಅವರಿಗೆ ಆಗ ಮೂಡಿತು, ಮತ್ತು ಕೊನೆಯವರೆಗೂ ಅವರ ಗುರಿ ಇದೇ ಆಗಿ ಉಳಿಯಿತು. ಅವರ ಆತ್ಮಕಥೆಯ ಶೀರ್ಷಿಕೆಯೂ ‘ಅಲ್ಲೇ ಇರುವ ಅನುಭವ’ ಎಂಬ ಅರ್ಥವನ್ನೇ ಕೊಡುತ್ತದೆ.

1935ರಲ್ಲಿ, ಹದಿನಾಲ್ಕರ ವಯಸ್ಸಿನಲ್ಲಿ, ಅವರು ತಂದೆಯ ತೋಟದ ಬಗ್ಗೆ ‘ಕೆನರಿ ಬನಾನಾಸ್’ ಎಂಬ ಕಿರುಚಿತ್ರವನ್ನು ತೆಗೆದರು. ಬಾಳೆ ಹೇಗೆ ಬೆಳೆಯುತ್ತದೆ, ಗೊನೆಗಳು ಹೇಗೆ ಹಡಗು ಸೇರುತ್ತವೆ ಎಂಬುದನ್ನು ಶಾಲೆಯ ಗೆಳೆಯರಿಗೆ ತೋರಿಸುವ ಸರಳ ಉದ್ದೇಶದ ಈ ಮೂಕಿಚಿತ್ರ, ಅವರು ಓದುತ್ತಿದ್ದ ಡಾರ್ಟಿಂಗ್ಟನ್ ಹಾಲ್ ಶಾಲೆಗೆ ಬಂದಿದ್ದ ಒಬ್ಬ ಹಿರಿಯರ ಮೆಚ್ಚುಗೆಗೆ ಪಾತ್ರವಾಯಿತು. ತಮ್ಮ ಹೆಣ್ಣುಮಕ್ಕಳನ್ನು ಅದೇ ಶಾಲೆಗೆ ಸೇರಿಸಿದ್ದ ಆ ಹಿರಿಯರು, ‘ನಾನೂಕ್ ಆಫ್ ದ ನಾರ್ತ್’ ಎಂಬ 1922ರ ಚಿತ್ರದಿಂದ ಜಗತ್ಪ್ರಸಿದ್ಧರಾಗಿದ್ದ ರಾಬರ್ಟ್ ಫ್ಲಾಹರ್ಟಿ. ಅದೇ ಶಾಲೆಯ ಜೀವಶಾಸ್ತ್ರದ ಅಧ್ಯಾಪಕರಾಗಿದ್ದ, ಮುಂದೆ ಪಕ್ಷಿವಿಜ್ಞಾನಿಯಾಗಿ ಹೆಸರಾದ ಡೇವಿಡ್ ಲ್ಯಾಕ್ ಅವರು ಗಲಾಪಗೋಸ್ ದ್ವೀಪಗಳಿಗೆ ಹೊರಟ ತಂಡದಲ್ಲಿ ಲೀಕಾಕ್‌ಗೆ ಚಿತ್ರೀಕರಣದ ಹೊಣೆಯನ್ನು ಕೊಟ್ಟರು. ಅನಂತರ ಅಮೆರಿಕಕ್ಕೆ ತೆರಳಿದ ಅವರು ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿ ಭೌತಶಾಸ್ತ್ರವನ್ನು ಓದಿದ್ದು ಚಿತ್ರನಿರ್ಮಾಣದ ಯಂತ್ರಗಳನ್ನು ಬುಡದಿಂದ ಅರಿಯಬೇಕೆಂಬ ಆಸೆಯಿಂದ. ಎರಡನೆಯ ಮಹಾಯುದ್ಧದಲ್ಲಿ ಬರ್ಮಾ ಮತ್ತು ಚೀನಾಗಳಲ್ಲಿ ಸುಮಾರು ಮೂರು ವರ್ಷ ಸೇನೆಯ ಛಾಯಾಗ್ರಾಹಕರಾಗಿ ದುಡಿದದ್ದು, ಹೆಗಲ ಮೇಲೆ ಯಂತ್ರವನ್ನು ಹೊತ್ತು ಅನಿಶ್ಚಿತ ಪರಿಸ್ಥಿತಿಯಲ್ಲಿ ಕೆಲಸ ಮಾಡುವ ರೂಢಿಯನ್ನು ಅವರಿಗೆ ಕೊಟ್ಟಿತು.

ಫ್ಲಾಹರ್ಟಿಯವರ ಪಾಠ

ಯುದ್ಧ ಮುಗಿದ ಮೇಲೆ ಫ್ಲಾಹರ್ಟಿಯವರು ತಮ್ಮ ‘ಲೂಯಿಸಿಯಾನ ಸ್ಟೋರಿ’ ಚಿತ್ರಕ್ಕೆ ಲೀಕಾಕ್ ಅವರನ್ನು ಛಾಯಾಗ್ರಾಹಕರಾಗಿ ಕರೆಸಿಕೊಂಡರು. ಫ್ಲಾಹರ್ಟಿಯವರ ಹೆಸರು ಕರ್ನಾಟಕಕ್ಕೆ ಅಪರಿಚಿತವಲ್ಲ. 1937ರಲ್ಲಿ ತೆರೆಕಂಡ ‘ಎಲಿಫೆಂಟ್ ಬಾಯ್’ ಚಿತ್ರದ ಹೊರಾಂಗಣ ಭಾಗಗಳನ್ನು ಅವರು ಮೈಸೂರು ಸಂಸ್ಥಾನದಲ್ಲಿ ಚಿತ್ರಿಸಿದ್ದರು, ಮತ್ತು ಅದರ ಮೂಲಕ ಮಾವುತನ ಮಗನಾದ ಸಾಬು ಎಂಬ ಹುಡುಗ ಅಂತರರಾಷ್ಟ್ರೀಯ ತಾರೆಯಾದ. 1948ರಲ್ಲಿ ಬಿಡುಗಡೆಯಾದ ‘ಲೂಯಿಸಿಯಾನ ಸ್ಟೋರಿ’ ಅಮೆರಿಕದ ದಕ್ಷಿಣದ ಜೌಗುನಾಡಿನಲ್ಲಿ ತೈಲ ತೆಗೆಯಲು ಬಂದ ಯಂತ್ರವನ್ನು ಒಬ್ಬ ಹುಡುಗನ ಕಣ್ಣಿನಿಂದ ನೋಡುವ ಚಿತ್ರ. ಅದರ ವೆಚ್ಚವನ್ನು ಭರಿಸಿದ್ದು ನ್ಯೂಜರ್ಸಿಯ ಸ್ಟ್ಯಾಂಡರ್ಡ್ ಆಯಿಲ್ ಕಂಪನಿ.

ಸುಮಾರು ಹದಿನಾಲ್ಕು ತಿಂಗಳು ನಡೆದ ಈ ಕೆಲಸ ಲೀಕಾಕ್‌ಗೆ ಎರಡು ಪಾಠಗಳನ್ನು ಕಲಿಸಿತು, ಮತ್ತು ಅವು ಒಂದಕ್ಕೊಂದು ವಿರುದ್ಧವಾಗಿದ್ದವು. ಸಣ್ಣ ಆರಿಫ್ಲೆಕ್ಸ್ ಕ್ಯಾಮೆರಾವನ್ನು ಹಿಡಿದು ಶಬ್ದದ ಗೊಡವೆಯಿಲ್ಲದೆ ನೀರು, ಎಲೆ, ಜೇಡರ ಬಲೆಗಳ ಮುಂದೆ ದಿನವಿಡೀ ಕಾಯುತ್ತಾ, ಕಂಡದ್ದನ್ನು ಮತ್ತೆ ಮತ್ತೆ ನೋಡುತ್ತಾ ಚಿತ್ರಿಸುವ ಫ್ಲಾಹರ್ಟಿಯವರ ತಾಳ್ಮೆ ಮೊದಲನೆಯ ಪಾಠ. ಪಾತ್ರಗಳು ಮಾತನಾಡಬೇಕಾದ ದೃಶ್ಯ ಬಂದೊಡನೆ ಈ ಸ್ವಾತಂತ್ರ್ಯವೆಲ್ಲ ಮಾಯವಾಗುತ್ತಿತ್ತು ಎಂಬುದು ಎರಡನೆಯದು. ಭಾರವಾದ ಕ್ಯಾಮೆರಾ, ದೀಪಗಳು, ಧ್ವನಿಮುದ್ರಣದ ದೊಡ್ಡ ಯಂತ್ರ ಮತ್ತು ಅವನ್ನು ನಡೆಸುವ ತಂಡ ಬಂದು ನಿಲ್ಲುತ್ತಿದ್ದುದರಿಂದ ಮಾತನಾಡುವವರು ಅಲುಗಾಡದೆ ಗೊತ್ತುಪಡಿಸಿದ ಜಾಗದಲ್ಲಿ ನಿಂತು ಗೊತ್ತುಪಡಿಸಿದ ಮಾತುಗಳನ್ನು ಆಡಬೇಕಾಗುತ್ತಿತ್ತು. ಇಂಥ ರಾಜಿ ಸಾಕ್ಷ್ಯಚಿತ್ರಕ್ಕೆ ಹೊಸದೇನೂ ಆಗಿರಲಿಲ್ಲ. ‘ನಾನೂಕ್’ ಚಿತ್ರದಲ್ಲಿ ಹಿಮದ ಗುಡಿಸಲಿನ ಒಳಗೆ ಬೆಳಕು ಸಾಲದಿದ್ದುದರಿಂದ ವಾಡಿಕೆಗಿಂತ ದೊಡ್ಡದಾದ ಗುಡಿಸಲನ್ನು ಕಟ್ಟಿಸಿ, ಅದರ ಒಂದು ಬದಿಯನ್ನು ತೆರೆದಿಟ್ಟು, ಆ ಕುಟುಂಬ ಚಳಿಯಲ್ಲೇ ಮಲಗಿ ಏಳುವಂತೆ ಮಾಡಲಾಗಿತ್ತು. ಫ್ಲಾಹರ್ಟಿಯವರ ತಾಳ್ಮೆಯನ್ನು ಉಳಿಸಿಕೊಂಡು, ಅವರ ಕಾಲದ ಯಂತ್ರಗಳು ಹೇರಿದ್ದ ಈ ಒತ್ತಾಯವನ್ನು ಕಳಚಿಹಾಕುವುದು ಹೇಗೆ ಎಂಬುದೇ ಮುಂದಿನ ಒಂದು ದಶಕಕ್ಕೂ ಹೆಚ್ಚು ಕಾಲ ಲೀಕಾಕ್ ಅವರ ಮುಖ್ಯ ಸಮಸ್ಯೆಯಾಯಿತು.

ಶಬ್ದದ ಸಂಕೋಲೆ

ಈ ಸಮಸ್ಯೆಯ ಸ್ವರೂಪವನ್ನು ತಿಳಿಯಲು ಫಿಲಂ ಕಾಲದ ತಂತ್ರವನ್ನು ಸ್ವಲ್ಪ ಅರಿಯಬೇಕು. ಚಲನಚಿತ್ರವೆಂದರೆ ಸೆಕೆಂಡಿಗೆ 24ರಂತೆ ತೆಗೆದ ಸ್ಥಿರಚಿತ್ರಗಳ ಸಾಲು. ಅದರೊಡನೆ ಬೇರೆಯಾಗಿ ಟೇಪಿನಲ್ಲಿ ಮುದ್ರಿಸಿಕೊಂಡ ಮಾತು ತುಟಿಯ ಚಲನೆಗೆ ಸರಿಯಾಗಿ ಹೊಂದಿಕೊಳ್ಳುವುದನ್ನು ಸಿಂಕ್ ಸೌಂಡ್ ಎನ್ನುತ್ತಾರೆ. ಕ್ಯಾಮೆರಾದ ಮೋಟಾರು ಮತ್ತು ಟೇಪ್ ಯಂತ್ರದ ಮೋಟಾರು ಕರಾರುವಾಕ್ಕಾಗಿ ಒಂದೇ ಲೆಕ್ಕದಲ್ಲಿ ಓಡದಿದ್ದರೆ, ಕೆಲವೇ ಚೌಕಟ್ಟುಗಳಷ್ಟು ವ್ಯತ್ಯಾಸವಾದರೂ, ಮಾತು ಬೇರೆ, ತುಟಿ ಬೇರೆ ಆಗುತ್ತದೆ. ಇದನ್ನು ತಪ್ಪಿಸಲು ಎರಡೂ ಯಂತ್ರಗಳನ್ನು ತಂತಿಯಿಂದ ಬಿಗಿಯುತ್ತಿದ್ದರು. ಇದರ ಜೊತೆಗೆ ಕ್ಯಾಮೆರಾದ ಗರಗರ ಸದ್ದು ಮೈಕಿಗೆ ಕೇಳದಂತೆ ಅದನ್ನು ಭಾರವಾದ ಕವಚದಲ್ಲಿ ಇಡಬೇಕಾಗಿತ್ತು, ಕವಚ ಭಾರವಾದ್ದರಿಂದ ಟ್ರೈಪಾಡ್ ಬೇಕಾಗಿತ್ತು, ಟ್ರೈಪಾಡ್ ಇದ್ದುದರಿಂದ ಜನರೇ ಕ್ಯಾಮೆರಾದ ಎದುರಿಗೆ ಬರಬೇಕಾಗಿತ್ತು. ಆದಕಾರಣ ಆ ಕಾಲದ ಬಹುಪಾಲು ಸಾಕ್ಷ್ಯಚಿತ್ರಗಳು ಮೂಕವಾಗಿ ಚಿತ್ರಿತವಾಗಿ, ಅನಂತರ ಸಂಗೀತವನ್ನೂ ಅಧಿಕಾರವಾಣಿಯ ಹಿನ್ನೆಲೆ ವಿವರಣೆಯನ್ನೂ ಪಡೆದುಕೊಳ್ಳುತ್ತಿದ್ದವು. ಚಿತ್ರದಲ್ಲಿ ಕಾಣುವ ಜನರ ಸ್ವಂತ ದನಿ ಪ್ರೇಕ್ಷಕರಿಗೆ ಕೇಳುತ್ತಿರಲಿಲ್ಲ.

1954ರಲ್ಲಿ ಊರೂರು ಸುತ್ತುವ ಟೆಂಟು ನಾಟಕದ ಕಂಪನಿಯೊಂದನ್ನು ಕುರಿತು ಲೀಕಾಕ್ ತಯಾರಿಸಿದ ‘ಟೋಬಿ ಅಂಡ್ ದ ಟಾಲ್ ಕಾರ್ನ್’ ದೂರದರ್ಶನದಲ್ಲಿ ಪ್ರಸಾರವಾಗಿ ‘ಲೈಫ್’ ಪತ್ರಿಕೆಯ ರಾಬರ್ಟ್ ಡ್ರ್ಯೂ ಅವರ ಗಮನವನ್ನು ಸೆಳೆಯಿತು. ಆ ಪತ್ರಿಕೆಯ ಛಾಯಾಚಿತ್ರಗಳಲ್ಲಿ ಕಾಣುತ್ತಿದ್ದ ಸಹಜತೆಯನ್ನು ಚಲನಚಿತ್ರಕ್ಕೂ ತರಬೇಕೆಂಬುದು ಡ್ರ್ಯೂ ಅವರ ಹಂಬಲ. ಟೈಮ್ ಸಂಸ್ಥೆಯ ಹಣದ ನೆರವಿನಿಂದ ಅವರು ಕಟ್ಟಿದ ತಂಡದಲ್ಲಿ ಲೀಕಾಕ್, ಡಿ. ಎ. ಪೆನ್ನೆಬೇಕರ್, ಆಲ್ಬರ್ಟ್ ಮೇಸಲ್ಸ್, ಟೆರೆನ್ಸ್ ಮೆಕಾರ್ಟ್ನಿ-ಫಿಲ್ಗೇಟ್ ಮುಂತಾದವರಿದ್ದರು. ಈ ತಂಡ ಆರಿಕಾನ್ ಎಂಬ 16 ಮಿಲಿಮೀಟರ್ ಕ್ಯಾಮೆರಾದ ಭಾರವನ್ನು ಇಳಿಸಿ ಹೆಗಲಿಗೇರಿಸುವಂತೆ ಮಾಡಿತು, ಮತ್ತು ಶ್ರುತಿಕವೆಯ ಕಂಪನದಿಂದ ಓಡುವ ಬುಲೋವಾ ಅಕ್ಯುಟ್ರಾನ್ ಕೈಗಡಿಯಾರದ ಸೂತ್ರವನ್ನೇ ಬಳಸಿಕೊಂಡು ಕ್ಯಾಮೆರಾ ಮತ್ತು ಟೇಪ್ ಯಂತ್ರ ಎರಡನ್ನೂ ಒಂದೇ ಲೆಕ್ಕದಲ್ಲಿ ಓಡಿಸುವ ದಾರಿಯನ್ನು ಹುಡುಕಿತು. ಯಂತ್ರಗಳ ನಡುವಿನ ತಂತಿ ಹೀಗೆ ಕಳಚಿದಾಗ ಛಾಯಾಗ್ರಾಹಕರು ಮತ್ತು ಧ್ವನಿಗ್ರಾಹಕರು ಇಬ್ಬರೂ ಒಂದೇ ಕೋಣೆಯಲ್ಲಿ ಬೇರೆ ಬೇರೆಯಾಗಿ ಓಡಾಡುವುದು ಸಾಧ್ಯವಾಯಿತು. ಭೌತಶಾಸ್ತ್ರದ ಓದು ಲೀಕಾಕ್ ಅವರಿಗೆ ನೇರವಾಗಿ ಒದಗಿದ್ದು ಇಲ್ಲಿ. ಅದೇ ಕಾಲದಲ್ಲಿ ಶಾಲಾ ವಿದ್ಯಾರ್ಥಿಗಳಿಗಾಗಿ ಅವರು ನಿರ್ದೇಶಿಸಿದ, ಚಲನೆ ಸಾಪೇಕ್ಷವೆಂಬ ತತ್ತ್ವವನ್ನು ವಿವರಿಸುವ ‘ಫ್ರೇಮ್ಸ್ ಆಫ್ ರೆಫರೆನ್ಸ್’ ಎಂಬ 1960ರ ಚಿತ್ರವನ್ನು ಭೌತಶಾಸ್ತ್ರದ ಅಧ್ಯಾಪಕರು ಇಂದಿಗೂ ಪಾಠಕ್ಕೆ ಬಳಸುತ್ತಾರೆ.

ವಿಸ್ಕಾನ್ಸಿನ್‌ನ ಚುನಾವಣೆ

ಹೊಸ ಪದ್ಧತಿಯ ನಿಜವಾದ ಪರೀಕ್ಷೆ ನಡೆದದ್ದು 1960ರ ವಸಂತದಲ್ಲಿ. ಅಮೆರಿಕದ ಅಧ್ಯಕ್ಷಪದವಿಗೆ ಡೆಮಾಕ್ರಟಿಕ್ ಪಕ್ಷದ ಅಭ್ಯರ್ಥಿಯನ್ನು ಆರಿಸುವ ಪ್ರಕ್ರಿಯೆಯ ಭಾಗವಾಗಿ ವಿಸ್ಕಾನ್ಸಿನ್ ರಾಜ್ಯದಲ್ಲಿ ಏಪ್ರಿಲ್ 5ರಂದು ನಡೆದ ಪ್ರಾಥಮಿಕ ಚುನಾವಣೆಯಲ್ಲಿ ಜಾನ್ ಎಫ್. ಕೆನಡಿ ಮತ್ತು ಹ್ಯೂಬರ್ಟ್ ಹಂಫ್ರಿ ಎದುರಾಳಿಗಳಾಗಿದ್ದರು. ಯಾವ ಪ್ರಶ್ನೆಯನ್ನೂ ಕೇಳದೆ, ಯಾವುದನ್ನೂ ಮತ್ತೆ ಮಾಡಿ ತೋರಿಸಿ ಎನ್ನದೆ, ಜೊತೆಯಲ್ಲಿರಲು ಮಾತ್ರ ಅನುಮತಿ ಕೊಡಿ ಎಂದು ಡ್ರ್ಯೂ ಅವರು ಇಬ್ಬರನ್ನೂ ಒಪ್ಪಿಸಿದರು. ‘ಪ್ರೈಮರಿ’ ಎಂಬ ಈ ಚಿತ್ರದಲ್ಲಿ ಕೆನಡಿಯವರ ಬೆನ್ನ ಹಿಂದೆಯೇ ಕ್ಯಾಮೆರಾವನ್ನು ಎತ್ತಿ ಹಿಡಿದು, ಜನಸಂದಣಿಯನ್ನು ಸೀಳಿಕೊಂಡು, ಸಭಾಂಗಣದ ವೇದಿಕೆಯವರೆಗೆ ಎಲ್ಲೂ ತುಂಡಾಗದಂತೆ ಮೇಸಲ್ಸ್ ಅವರು ತೆಗೆದ ಚಿತ್ರಿಕೆ ಸಾಕ್ಷ್ಯಚಿತ್ರದ ಇತಿಹಾಸದಲ್ಲಿ ಪ್ರಸಿದ್ಧವಾಗಿದೆ. ಲೀಕಾಕ್ ಅವರ ಕೊಡುಗೆ ಇದಕ್ಕಿಂತ ಮೆಲುದನಿಯದು: ಪ್ರಚಾರದ ದಣಿವಿನಲ್ಲಿ ಕಾರಿನೊಳಗೆ ಕುಳಿತಲ್ಲೇ ತೂಕಡಿಸುವ ಹಂಫ್ರಿ, ಮತ ಎಣಿಕೆಯ ರಾತ್ರಿ ಹೋಟೆಲಿನ ಕೋಣೆಯಲ್ಲಿ ಫಲಿತಾಂಶಕ್ಕಾಗಿ ಕಾಯುವ ಕೆನಡಿ. ರಾಜಕಾರಣಿಗಳು ಭಾಷಣ ಮಾಡುವುದನ್ನು ಜನ ಬಹಳ ಕಾಲದಿಂದ ನೋಡಿದ್ದರು. ಅವರು ಕಾಯುವುದನ್ನು, ದಣಿಯುವುದನ್ನು ತೆರೆಯ ಮೇಲೆ ಇಷ್ಟು ಹತ್ತಿರದಿಂದ ನೋಡಿದ್ದು ಆಗ.

ಚಿತ್ರದ ಎಲ್ಲ ಭಾಗಗಳಲ್ಲೂ ಸಿಂಕ್ ಸೌಂಡ್ ಸಾಧಿಸಿರಲಿಲ್ಲ, ಹಿನ್ನೆಲೆ ವಿವರಣೆಯೂ ಪೂರ್ತಿ ಹೋಗಿರಲಿಲ್ಲ, ದೊಡ್ಡ ದೂರದರ್ಶನ ಜಾಲಗಳು ಅದನ್ನು ಪ್ರಸಾರ ಮಾಡಲೂ ಇಲ್ಲ. ಆದರೂ ಈ ಶೈಲಿಗೆ ‘ಡೈರೆಕ್ಟ್ ಸಿನಿಮಾ’ ಎಂಬ ಹೆಸರು ನಿಂತಿತು. ಘಟನೆಯಲ್ಲಿ ಕೈಹಾಕದೆ, ಅದು ನಡೆದಂತೆಯೇ ನೋಡುವುದು ಇದರ ಮೂಲತತ್ತ್ವ. ಫ್ರಾನ್ಸಿನಲ್ಲಿ ಜೀನ್ ರೂಶ್ ಮತ್ತು ಎಡ್ಗರ್ ಮೊರಾಂ ಅವರು ಇದೇ ವೇಳೆಗೆ ರೂಪಿಸಿದ ‘ಸಿನಿಮಾ ವೆರಿಟೆ’ ಇದರ ಸಮೀಪದ್ದಾದರೂ ಬೇರೆಯದು. ಅಲ್ಲಿ ಚಿತ್ರಕಾರರೇ ಪ್ರಶ್ನೆ ಕೇಳಿ, ಕೆಣಕಿ, ತಾವೂ ತೆರೆಯ ಮೇಲೆ ಕಾಣಿಸಿಕೊಂಡು ಸತ್ಯವನ್ನು ಹೊರಗೆಳೆಯಲು ಯತ್ನಿಸುತ್ತಾರೆ. ಡ್ರ್ಯೂ ತಂಡದೊಡನೆ ಲೀಕಾಕ್ ಭಾರತಕ್ಕೂ ಬಂದು, 1962ರ ಸಾರ್ವತ್ರಿಕ ಚುನಾವಣೆಯ ಕಾಲದಲ್ಲಿ ಜವಾಹರಲಾಲ್ ನೆಹರೂ ಅವರನ್ನು ಕುರಿತ ಚಿತ್ರಕ್ಕಾಗಿ, ಗ್ರೆಗರಿ ಶೂಕರ್ ಅವರ ಜೊತೆಗೂಡಿ ಕೆಲಸ ಮಾಡಿದರು. ಕಪ್ಪು ಜನಾಂಗದ ಇಬ್ಬರು ವಿದ್ಯಾರ್ಥಿಗಳಿಗೆ ಅಲಬಾಮ ವಿಶ್ವವಿದ್ಯಾಲಯದಲ್ಲಿ ಪ್ರವೇಶ ಕೊಡುವ ಪ್ರಶ್ನೆಯಲ್ಲಿ ಕೇಂದ್ರ ಸರ್ಕಾರಕ್ಕೂ ರಾಜ್ಯಪಾಲ ಜಾರ್ಜ್ ವ್ಯಾಲೇಸ್‌ಗೂ 1963ರ ಜೂನಿನಲ್ಲಿ ನಡೆದ ಸಂಘರ್ಷವನ್ನು ಎರಡೂ ಕಡೆಗಳಿಂದ ಚಿತ್ರಿಸಿದ ‘ಕ್ರೈಸಿಸ್’ ತಂಡದಲ್ಲಿಯೂ ಅವರಿದ್ದರು.

ಕಾದು ನೋಡುವ ಶಿಸ್ತು

ಟ್ರೈಪಾಡ್ ಇಲ್ಲ, ಹೆಚ್ಚುವರಿ ದೀಪಗಳಿಲ್ಲ, ಸಂದರ್ಶನವಿಲ್ಲ, ಏನನ್ನೂ ಮಾಡಿಸುವುದಿಲ್ಲ, ತಂಡದಲ್ಲಿ ಒಬ್ಬಿಬ್ಬರಿಗಿಂತ ಹೆಚ್ಚು ಜನರಿಲ್ಲ ಎಂಬ ಲೀಕಾಕ್ ಅವರ ನಿಯಮಗಳು ಮೇಲುನೋಟಕ್ಕೆ ನಿರಾಕರಣೆಗಳ ಪಟ್ಟಿಯಂತೆ ಕಂಡರೂ, ಪ್ರತಿಯೊಂದು ನಿರಾಕರಣೆಯೂ ಛಾಯಾಗ್ರಾಹಕರ ಮೇಲೆ ಹೊಸದೊಂದು ಹೊಣೆಯನ್ನು ಹೊರಿಸುತ್ತದೆ. ದೀಪಗಳಿಲ್ಲದಿದ್ದರೆ ಇರುವ ಬೆಳಕಿನಲ್ಲಿಯೇ ಯಾವ ಮೂಲೆ ಚಿತ್ರಕ್ಕೆ ಒದಗುತ್ತದೆ ಎಂಬುದನ್ನು ಕೋಣೆಗೆ ಕಾಲಿಟ್ಟ ಕೂಡಲೇ ಗ್ರಹಿಸಬೇಕು. ಸಹಾಯಕರಿಲ್ಲದಿದ್ದರೆ ದೂರ ಬದಲಾದಂತೆಲ್ಲ ಫೋಕಸ್ ಅನ್ನು ತಾವೇ ತಿರುಗಿಸಿಕೊಳ್ಳಬೇಕು. ಎರಡನೆಯ ಅವಕಾಶವಿಲ್ಲದಿದ್ದರೆ ಮಾತು ಯಾರ ಕಡೆಗೆ ಹೊರಳಲಿದೆ ಎಂಬುದನ್ನು ಮುಂಚಿತವಾಗಿಯೇ ಊಹಿಸಬೇಕು. ಆದ್ದರಿಂದ ಈ ವೃತ್ತಿಯಲ್ಲಿ ಕಿವಿಗೆ ಕಣ್ಣಿನಷ್ಟೇ ಕೆಲಸವಿರುತ್ತದೆ. 16 ಮಿಲಿಮೀಟರ್ ಫಿಲಂನ 400 ಅಡಿಯ ಸುರುಳಿ ಸುಮಾರು ಹನ್ನೊಂದು ನಿಮಿಷಕ್ಕೆ ಮುಗಿಯುತ್ತಿದ್ದುದರಿಂದ, ಯಾವ ಹನ್ನೊಂದು ನಿಮಿಷ ಮುಖ್ಯ ಎಂಬ ನಿರ್ಣಯ ಸ್ವತಃ ಒಂದು ಕಲೆಯಾಗಿತ್ತು.

ಇದಕ್ಕಿಂತ ಸೂಕ್ಷ್ಮವಾದದ್ದು ಸಂಕಲನದ ಅರಿವು. ಸಂಕಲನವೆಂದರೆ ಚಿತ್ರಿಸಿದ ತುಣುಕುಗಳನ್ನು ಆರಿಸಿ, ಜೋಡಿಸಿ ಅರ್ಥ ಹುಟ್ಟಿಸುವ ಕೆಲಸ. ಮಾತನಾಡುವವರ ಮುಖ ಮಾತ್ರ ಇದ್ದು, ಕೇಳುವವರ ಮುಖ, ಚಡಪಡಿಸುವ ಕೈ, ಕೋಣೆಯ ಒಟ್ಟು ನೋಟ ಇಲ್ಲದೆ ಹೋದರೆ ಸಂಕಲನಕಾರರ ಕೈ ಕಟ್ಟಿಹೋಗುತ್ತದೆ. ಇವೆಲ್ಲವನ್ನೂ ಘಟನೆಯ ಓಟಕ್ಕೆ ಭಂಗ ಬರದಂತೆ ಒಂದೇ ಕ್ಯಾಮೆರಾದಿಂದ ಸಂಗ್ರಹಿಸುವವರೇ ನುರಿತ ಸಾಕ್ಷ್ಯಚಿತ್ರ ಛಾಯಾಗ್ರಾಹಕರು. ಜನರ ವಿಶ್ವಾಸ ಇವೆಲ್ಲದರ ತಳಹದಿ. ಕ್ಯಾಮೆರಾ ಇದೆಯೆಂಬುದನ್ನು ಜನ ಮರೆಯುವುದಿಲ್ಲ, ಅದನ್ನು ಹಿಡಿದವರು ತಮಗೆ ಕೇಡು ಬಗೆಯುವುದಿಲ್ಲ ಎಂದು ನಂಬಿದಾಗ ಅದನ್ನು ಲೆಕ್ಕಕ್ಕೆ ತೆಗೆದುಕೊಳ್ಳುವುದನ್ನು ಬಿಡುತ್ತಾರೆ. ಆ ನಂಬಿಕೆಯನ್ನು ಗಳಿಸಲು ಬೇಕಾದ ಸಮಯವನ್ನು ಯಾವ ಯಂತ್ರವೂ ಕಡಿಮೆ ಮಾಡಲಾರದು.

ಒಂದೇ ಚಿತ್ರೀಕರಣ, ಎರಡು ಚಿತ್ರಗಳು

ಗೆಲ್ಲುವವರು ಅಥವಾ ಸೋಲುವವರು ಇರುವ ಬಿಕ್ಕಟ್ಟುಗಳನ್ನೇ ವಸ್ತುವಾಗಿ ಆರಿಸಿಕೊಳ್ಳುವ ಡ್ರ್ಯೂ ಅವರ ಕ್ರಮ ಲೀಕಾಕ್‌ಗೆ ಕ್ರಮೇಣ ಇಕ್ಕಟ್ಟೆನಿಸಿತು. 1963ರಲ್ಲಿ ಅವರು ಆ ತಂಡವನ್ನು ಬಿಟ್ಟು ಪೆನ್ನೆಬೇಕರ್ ಅವರೊಡನೆ ಸ್ವಂತ ಸಂಸ್ಥೆಯನ್ನು ಕಟ್ಟಿದರು. ಅದೇ ವರ್ಷದ ಸೆಪ್ಟೆಂಬರಿನಲ್ಲಿ ದಕ್ಷಿಣ ಡಕೋಟಾ ರಾಜ್ಯದ ಅಬರ್ಡೀನ್ ಎಂಬ ಊರಿನಲ್ಲಿ ಒಬ್ಬ ತಾಯಿಗೆ ಒಮ್ಮೆಲೇ ಐದು ಮಕ್ಕಳು ಹುಟ್ಟಿದ್ದು ದೇಶದ ದೊಡ್ಡ ಸುದ್ದಿಯಾದಾಗ, ಜಾಯ್ಸ್ ಚೋಪ್ರಾ ಅವರ ಜೊತೆಗೂಡಿ ಲೀಕಾಕ್ ‘ಹ್ಯಾಪಿ ಮದರ್ಸ್ ಡೇ’ ಎಂಬ ಚಿತ್ರವನ್ನು ತೆಗೆದರು. ಉಡುಗೊರೆಗಳ ರಾಶಿ, ಊರ ಪ್ರಮುಖರ ಸಭೆಗಳು, ಮೆರವಣಿಗೆ, ವ್ಯಾಪಾರದ ಲೆಕ್ಕಾಚಾರ ಇವುಗಳ ನಡುವೆ ಆ ತಾಯಿಯ ಖಾಸಗಿ ಬದುಕು ಅವಳ ಕೈತಪ್ಪಿ ಸಾರ್ವಜನಿಕ ವಸ್ತುವಾಗುವುದನ್ನು ಕ್ಯಾಮೆರಾ ಗಮನಿಸುತ್ತಾ ಹೋಗುತ್ತದೆ. ಇದೇ ಚಿತ್ರೀಕರಣದ ಸಾಮಗ್ರಿಯಿಂದ ಎಬಿಸಿ ದೂರದರ್ಶನ ಜಾಲ ಬೇರೊಂದು ರೀತಿಯಲ್ಲಿ ಸಂಕಲನ ಮಾಡಿ ಪ್ರಸಾರ ಮಾಡಿದ ಕಾರ್ಯಕ್ರಮ ಊರಿನ ಸಂಭ್ರಮದ ವರದಿಯಾಗಿತ್ತು. ಛಾಯಾಗ್ರಾಹಕರು ಎಷ್ಟೇ ನಿಷ್ಠೆಯಿಂದ ನೋಡಿದರೂ, ಆಯ್ಕೆ ಮತ್ತು ಜೋಡಣೆಯ ಅಧಿಕಾರ ಯಾರಲ್ಲಿದೆ ಎಂಬುದರ ಮೇಲೆ ಚಿತ್ರದ ಸತ್ಯ ನಿಂತಿರುತ್ತದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ಉದಾಹರಣೆ ಸಿಗುವುದು ಕಷ್ಟ.

ಡೈರೆಕ್ಟ್ ಸಿನಿಮಾದ ಬಗ್ಗೆ ವಿಮರ್ಶಕರು ಎತ್ತಿದ ಮುಖ್ಯ ಆಕ್ಷೇಪವೂ ಇಲ್ಲಿಗೇ ಬಂದು ಸೇರುತ್ತದೆ. ಕ್ಯಾಮೆರಾದ ಹಾಜರಿಯೇ ಜನರ ನಡವಳಿಕೆಯನ್ನು ಬದಲಿಸುತ್ತದೆ, ಯಾವ ಮುಖವನ್ನು ಎಷ್ಟು ಹೊತ್ತು ತೋರಿಸಬೇಕೆಂಬುದೇ ಒಂದು ಅಭಿಪ್ರಾಯ, ಆದ್ದರಿಂದ ಕೈಹಾಕದೆ ನೋಡುವುದೆಂಬುದು ಭ್ರಮೆ ಎಂಬುದು ಅವರ ವಾದ. ಈ ವಾದದಲ್ಲಿ ಹುರುಳಿದೆ. ಕೆನಡಿಯಂಥ ಚತುರ ರಾಜಕಾರಣಿ ಕ್ಯಾಮೆರಾದ ಲಾಭವನ್ನು ಅರಿಯದೆ ಬಾಗಿಲು ತೆರೆದಿರಲಾರರು. ಹಾಗೆಂದು ಕಟ್ಟಿನಿಲ್ಲಿಸಿದ ದೃಶ್ಯಕ್ಕೂ ಕಾದು ಪಡೆದ ದೃಶ್ಯಕ್ಕೂ ವ್ಯತ್ಯಾಸವೇ ಇಲ್ಲವೆನ್ನುವುದು ಸರಿಯಲ್ಲ. ಎರಡೂ ಯಾರೋ ಒಬ್ಬರ ನೋಟವೇ ಆದರೂ, ಮೊದಲನೆಯದು ಚಿತ್ರಕಾರರಿಗೆ ಮೊದಲೇ ತಿಳಿದಿದ್ದನ್ನು ಮಾತ್ರ ಹೇಳಬಲ್ಲದು, ಎರಡನೆಯದಕ್ಕೆ ಅವರಿಗೂ ತಿಳಿಯದಿದ್ದನ್ನು ತೋರಿಸುವ ಸಾಮರ್ಥ್ಯವಿದೆ.

ಹೆಸರು, ಹಣ ಮತ್ತು ಕೊನೆಯ ವರ್ಷಗಳು

1967ರ ಜೂನಿನಲ್ಲಿ ಕ್ಯಾಲಿಫೋರ್ನಿಯಾದಲ್ಲಿ ನಡೆದ ಸಂಗೀತೋತ್ಸವವನ್ನು ಕುರಿತು ಪೆನ್ನೆಬೇಕರ್ ನಿರ್ದೇಶಿಸಿದ ‘ಮಾಂಟೆರೆ ಪಾಪ್’ ಚಿತ್ರದ ಛಾಯಾಗ್ರಾಹಕರಲ್ಲಿ ಲೀಕಾಕ್ ಒಬ್ಬರು. ಪಂಡಿತ್ ರವಿಶಂಕರ್ ಅವರ ಸಿತಾರ್ ವಾದನದೊಂದಿಗೆ ಮುಗಿಯುವ ಆ ಚಿತ್ರ ಸಂಗೀತದ ಸಾಕ್ಷ್ಯಚಿತ್ರಗಳಿಗೆ ಮಾದರಿಯಾಯಿತು. ಆದರೆ ಕೀರ್ತಿಯೊಡನೆ ಹಣದ ಭದ್ರತೆ ಬರಲಿಲ್ಲ. ಇಬ್ಬರ ಸಂಸ್ಥೆ 1970ರ ದಶಕದ ಆರಂಭದ ಹೊತ್ತಿಗೆ ನಿಂತುಹೋಯಿತು. ಅಷ್ಟರಲ್ಲಿ ಲೀಕಾಕ್ ಮ್ಯಾಸಚೂಸೆಟ್ಸ್ ತಂತ್ರಜ್ಞಾನ ಸಂಸ್ಥೆಯಲ್ಲಿ ಎಡ್ ಪಿಂಕಸ್ ಅವರೊಡನೆ ಚಲನಚಿತ್ರ ವಿಭಾಗವನ್ನು ಕಟ್ಟಿ, 1988ರವರೆಗೆ ಅಲ್ಲಿ ಕಲಿಸಿದರು. ‘ಶೆರ್ಮನ್ಸ್ ಮಾರ್ಚ್’ ಚಿತ್ರದ ರಾಸ್ ಮೆಕೆಲ್ವಿ ಆ ವಿಭಾಗದಲ್ಲಿ ತರಬೇತಾದವರಲ್ಲಿ ಒಬ್ಬರು. ಸಾಮಾನ್ಯ ಜನರ ಕೈಗೆಟುಕುವ ಬೆಲೆಯಲ್ಲಿ ಸಿಂಕ್ ಸೌಂಡ್ ದೊರೆಯಬೇಕೆಂದು ಮನೆಬಳಕೆಯ ಸೂಪರ್ 8 ಫಿಲಂಗೆ ಹೊಂದುವ ಉಪಕರಣಗಳನ್ನು ಅವರು ಅಲ್ಲಿ ರೂಪಿಸಿದರು.

ಆ ಆಸೆ ಕೈಗೂಡಿದ್ದು ಫಿಲಂನಿಂದಲ್ಲ, ವಿಡಿಯೋದಿಂದ. 1989ರಲ್ಲಿ ಪ್ಯಾರಿಸ್ಸಿಗೆ ನೆಲೆ ಬದಲಿಸಿದ ಲೀಕಾಕ್, ವ್ಯಾಲೆರಿ ಲಾಲೊಂಡ್ ಅವರ ಜೊತೆ, ಅಂಗಡಿಯಲ್ಲಿ ಯಾರಿಗೂ ಸಿಗುತ್ತಿದ್ದ ಸಣ್ಣ ವಿಡಿಯೋ 8 ಕ್ಯಾಮೆರಾದಿಂದ ಫ್ರೆಂಚರ ನಿತ್ಯಜೀವನವನ್ನು ಚಿತ್ರಿಸಿದರು. 1991ರಲ್ಲಿ ಸಿದ್ಧವಾದ ಆ ಚಿತ್ರ ಫ್ರಾನ್ಸಿನ ದೂರದರ್ಶನದಲ್ಲಿ ಪ್ರಸಾರವಾಯಿತು. ಅಷ್ಟು ಕಿರಿದಾದ ಯಂತ್ರ ಕೈಗೆ ಬಂದಾಗ ಅವರಿಗೆ ಎಪ್ಪತ್ತರ ಹತ್ತಿರ ವಯಸ್ಸಾಗಿತ್ತು. 2011ರ ಮಾರ್ಚ್ 23ರಂದು ಪ್ಯಾರಿಸ್ಸಿನಲ್ಲಿ ಅವರು ನಿಧನರಾದರು. ಅದಕ್ಕೂ ಬಹಳ ಮುಂಚೆ, 1990ರಲ್ಲಿ, ‘ಪ್ರೈಮರಿ’ ಅಮೆರಿಕದ ರಾಷ್ಟ್ರೀಯ ಚಲನಚಿತ್ರ ಸಂರಕ್ಷಣಾ ಪಟ್ಟಿಗೆ ಸೇರಿತ್ತು.

ಲೀಕಾಕ್ ಜೀವನವಿಡೀ ಹುಡುಕಿದ ಹಗುರವಾದ, ಸದ್ದಿಲ್ಲದ, ಅಗ್ಗದ, ಮಾತನ್ನೂ ಚಿತ್ರವನ್ನೂ ಒಟ್ಟಿಗೆ ಹಿಡಿಯುವ ಕ್ಯಾಮೆರಾ ಇಂದು ಕೋಟ್ಯಂತರ ಜನರ ಜೇಬಿನಲ್ಲಿದೆ. ಸಾಕ್ಷ್ಯಚಿತ್ರ ಛಾಯಾಗ್ರಹಣವನ್ನು ವೃತ್ತಿಯಾಗಿ ಆರಿಸಿಕೊಳ್ಳಬಯಸುವ ಕನ್ನಡದ ಯುವಜನರಿಗೆ ಯಂತ್ರದ ಅಡ್ಡಿ ಈಗ ಇಲ್ಲ. ಅವರು ಗಳಿಸಬೇಕಾದದ್ದು ಕಾಯುವ ತಾಳ್ಮೆ, ಆಲಿಸುವ ಕಿವಿ ಮತ್ತು ಎದುರಿಗಿರುವವರ ನಂಬಿಕೆ. ಪ್ರೇಕ್ಷಕರಿಗೂ ಇಲ್ಲೊಂದು ಕರ್ತವ್ಯವಿದೆ. ಸಾಕ್ಷ್ಯಚಿತ್ರವೊಂದನ್ನು ನೋಡುವಾಗ, ತೆರೆಯ ಮೇಲೆ ಕಾಣುತ್ತಿರುವುದು ಕ್ಯಾಮೆರಾಕ್ಕಾಗಿ ನಡೆದದ್ದೇ ಅಥವಾ ನಡೆಯುತ್ತಿದ್ದಲ್ಲಿಗೆ ಕ್ಯಾಮೆರಾ ಹೋದದ್ದೇ ಎಂಬ ಪ್ರಶ್ನೆಯನ್ನು ಅವರು ಪ್ರತಿಸಲವೂ ಕೇಳಿಕೊಳ್ಳಬೇಕು. ಆ ಪ್ರಶ್ನೆಯನ್ನು ಕೇಳುವ ಪ್ರೇಕ್ಷಕರಿರುವವರೆಗೆ ಮಾತ್ರ ಈ ವೃತ್ತಿಯ ಪ್ರಾಮಾಣಿಕತೆಗೆ ಬೆಲೆ ಇರುತ್ತದೆ.